ಯಾರ ಮನೆಗೆ ಒಯ್ಯುತ್ತೀಯ?

ಆರು ವರ್ಷಗಳ ಹಿಂದೆ ನಮ್ಮ ಆಫೀಸಿನ ಪಾಟ್‌ಲಕ್ ಊಟಕ್ಕೆ, ಅಂದರೆ ಎಲ್ಲರೂ ಒಂದೊಂದು ಅಡುಗೆ ತಂದು ಹಂಚಿಕೊಳ್ಳುವ ಊಟಕ್ಕೆ, ನಾನು ಒಂದು ದೊಡ್ಡ ಟ್ರೇ ತುಂಬ ಸೀಗಡಿ ಗ್ರಿಟ್ಸ್ ಕ್ಯಾಸರೋಲ್ ಮಾಡಿಕೊಂಡು ಹೋಗಿದ್ದೆ. ಅಮೆರಿಕದ ಸೌತ್ ಕ್ಯಾರೊಲಿನಾಗೆ ಬಂದು ಆಗಿನ್ನೂ ಎರಡೇ ವರ್ಷ. ಇಲ್ಲಿನವರಿಗೆ ಇಲ್ಲಿನದೇ ಅಡುಗೆ ಮಾಡಿ ಬಡಿಸಬೇಕು ಅಂತ ಆಸೆ. ಎಲ್ಲಿಂದಲೋ ಬರೆದುಕೊಂಡಿದ್ದ ವಿಧಾನದ ಮೇಲೆ 'ಸಾಂಪ್ರದಾಯಿಕ ಗಲ್ಲಾ ಅಡುಗೆ' ಅಂತ ಇತ್ತು. ಗಲ್ಲಾ ಅಂದರೆ ಇಲ್ಲಿನ ಕರಾವಳಿಯ ಆಫ್ರಿಕಾ ಮೂಲದ ಜನ. ಐದು ನಿಮಿಷದಲ್ಲಿ ಬೇಯುವ ಗ್ರಿಟ್ಸ್, ಮೂರು ಕಪ್ ಚೀಸ್, ಒಂದು ಡಬ್ಬಿ ಕ್ರೀಮ್, ಫ್ರೀಜರಿನಿಂದ ತೆಗೆದ ದಪ್ಪ ದಪ್ಪ ಸೀಗಡಿ. ಎಲ್ಲವನ್ನೂ ಕಲಸಿ ಓವನ್ ಅನ್ನುವ ಮುಚ್ಚಿದ ಒಲೆಯೊಳಗೆ ಇಟ್ಟು ಮುಕ್ಕಾಲು ಗಂಟೆ ಬೇಯಿಸಿದೆ. ಮೇಲ್ಭಾಗ ಚೆನ್ನಾಗಿ ಕೆಂಪಾಗಿತ್ತು. ಚಮಚ ಹಾಕಿದರೆ ಕೆಳಗೆ ನೀರು ಬಿಟ್ಟಿತ್ತು, ಸೀಗಡಿ ರಬ್ಬರಿನ ಹಾಗೆ ಆಗಿತ್ತು. ಆದರೂ ಎಲ್ಲರೂ ತಿಂದರು, ಚೆನ್ನಾಗಿದೆ ಅಂದರು.

ನನ್ನ ಪಕ್ಕದ ಮೇಜಿನಲ್ಲಿ ಕೆಲಸ ಮಾಡುತ್ತಿದ್ದ ಹಿರಿಯರೊಬ್ಬರು ಗಲ್ಲಾ ಜನದವರು. ಇದೇ ರಾಜ್ಯದ ಕರಾವಳಿಯ ಸೇಂಟ್ ಹೆಲೆನಾ ದ್ವೀಪದಲ್ಲಿ ಹುಟ್ಟಿ ಬೆಳೆದವರು. ಇಲ್ಲಿ ವಯಸ್ಸಾದ ಹೆಂಗಸರನ್ನು ಬರೀ ಹೆಸರು ಹಿಡಿದು ಕರೆಯುವುದಿಲ್ಲ. ಮದುವೆಯಾಗಿ ಮೊಮ್ಮಕ್ಕಳಿದ್ದರೂ ಹೆಸರಿನ ಮುಂದೆ 'ಮಿಸ್' ಸೇರಿಸುತ್ತಾರೆ. ಈ ಬರಹದಲ್ಲಿ ಅವರನ್ನು ಮಿಸ್ ಅಂತಲೇ ಕರೆಯುತ್ತೇನೆ. ನಮಗೆ ಮಿಸ್ ಅಂದರೆ ಶಾಲೆಯ ಟೀಚರ್ ಅಲ್ವಾ? ನನ್ನ ಮಟ್ಟಿಗೆ ಅದೂ ಸರಿಯಾದ ಮಾತೇ. ಅವರು ತಟ್ಟೆಗೆ ಹಾಕಿಸಿಕೊಂಡದ್ದನ್ನು ಒಂದಗುಳೂ ಬಿಡದೆ ತಿಂದರು. ತಟ್ಟೆ ಕೆಳಗಿಟ್ಟು ಕೇಳಿದರು: "ಮಗಳೇ, ಇದನ್ನ ಯಾರಿಗೆ ಅಂತ ಮಾಡಿದೆ?" "ಎಲ್ಲರಿಗೂ" ಅಂದೆ. ಅವರು ತಲೆಯಾಡಿಸಿ ಸುಮ್ಮನಾದರು. ರುಚಿಯ ಬಗ್ಗೆ ಒಂದು ಮಾತೂ ಇಲ್ಲ. ಆ ಪ್ರಶ್ನೆ ನನ್ನ ತಲೆಯಲ್ಲಿ ಬಹಳ ದಿನ ಕೂತಿತ್ತು. ಏನು ಹಾಕಿದೆ, ಹೇಗೆ ಬೇಯಿಸಿದೆ ಅಂತ ಕೇಳಿದ್ದರೆ ಉತ್ತರ ಇತ್ತು. ಯಾರಿಗೆ ಅಂತ ಕೇಳಿದ್ದೇಕೆ?

ನುಚ್ಚು

ಮೊದಲು ಎರಡು ಪದಗಳ ಬಗ್ಗೆ ಹೇಳಬೇಕು. ನಮ್ಮೂರಲ್ಲಿ ಕ್ಯಾಸರೋಲ್ ಅಂದರೆ ಚಪಾತಿ ಬಿಸಿಯಾಗಿರಲಿ ಅಂತ ಮುಚ್ಚಿಡುವ ಡಬ್ಬಿ. ಅಮೆರಿಕದಲ್ಲಿ ಅದು ಅಗಲವಾದ ಟ್ರೇಯಲ್ಲಿ ಎಲ್ಲವನ್ನೂ ಸೇರಿಸಿ ಒಲೆಯೊಳಗಿಟ್ಟು ಬೇಯಿಸುವ ಅಡುಗೆ. ಟ್ರೇಯಲ್ಲಿ ಬೆಂದದ್ದನ್ನು ಟ್ರೇಯಲ್ಲೇ ಹೊತ್ತುಕೊಂಡು ಹೋಗಬಹುದು. ಈ ಹೊತ್ತುಕೊಂಡು ಹೋಗುವ ವಿಷಯ ನೆನಪಿರಲಿ, ಮತ್ತೆ ಬರುತ್ತೇನೆ.

ಇನ್ನು ಗ್ರಿಟ್ಸ್. ಇದಕ್ಕೆ ಕನ್ನಡದಲ್ಲಿ ಹೊಸ ಪದ ಹುಡುಕಬೇಕಾಗಿಲ್ಲ. ಅದು ಮುಸುಕಿನ ಜೋಳದ ನುಚ್ಚು. ಬಿಜಾಪುರ, ಬಾಗಲಕೋಟೆ ಕಡೆಯವರು ಜೋಳದ ನುಚ್ಚು ಬೇಯಿಸಿ ಮಜ್ಜಿಗೆ ಹಾಕಿಕೊಂಡು ತಿನ್ನುವುದಿಲ್ಲವೇ, ಅದರ ಹತ್ತಿರದ ನೆಂಟ. ನಾನು ಕುಮಟಾದವಳು. ನಮ್ಮ ಮನೆಯಲ್ಲಿ ನುಚ್ಚು ಅಂದರೆ ಅಕ್ಕಿಯದು. ಭತ್ತ ಕುಟ್ಟಿದಾಗ ಒಡೆದು ಉಳಿದದ್ದು. ಅದರ ಗಂಜಿ ನನ್ನ ಬಾಲ್ಯದ ಬೆಳಗಿನ ಊಟ, ಪಕ್ಕಕ್ಕೆ ಹುರಿದ ಒಣ ಶೆಟ್ಲಿ. ಸೀಗಡಿಗೆ ನಮ್ಮ ಕಡೆ ಶೆಟ್ಲಿ ಅಂತಾರೆ. ಇಲ್ಲಿನ ಕರಾವಳಿಯಲ್ಲೂ ಹಿಂದೆ ಎರಡು ನುಚ್ಚು ಇತ್ತು, ಒಂದು ಜೋಳದ್ದು, ಇನ್ನೊಂದು ಅಕ್ಕಿಯದು. ಇಡೀ ಅಕ್ಕಿ ಹಡಗು ಹತ್ತಿ ಯುರೋಪಿಗೆ ಹೋಗುತ್ತಿತ್ತು. ಒಡೆದದ್ದು ಬೆಳೆದವರ ಪಾಲಿಗೆ ಉಳಿಯುತ್ತಿತ್ತು. ಅದಕ್ಕೆ 'ಮಿಡ್ಲಿನ್ಸ್' ಅಂತ ಹೆಸರು. ಈಗ ಅದನ್ನು ಸಣ್ಣ ಚೀಲಗಳಲ್ಲಿ ಒಳ್ಳೆಯ ಬೆಲೆಗೆ ಮಾರುತ್ತಾರೆ.

ಗಲ್ಲಾ ಜನ ಯಾರು ಅಂತ ಒಂದೆರಡು ಮಾತು. ಪಶ್ಚಿಮ ಮತ್ತು ಮಧ್ಯ ಆಫ್ರಿಕಾದಿಂದ ಯಾರನ್ನು ಹಿಡಿದು ತಂದು ಇಲ್ಲಿನ ಕರಾವಳಿಯಲ್ಲಿ ಗುಲಾಮರಾಗಿ ದುಡಿಸಿಕೊಂಡರೋ ಅವರ ವಂಶದವರು. ಜಾರ್ಜಿಯಾ ಕಡೆ ಅವರನ್ನು ಗೀಚಿ ಅಂತಲೂ ಕರೆಯುತ್ತಾರೆ. ಅವರ ಪೂರ್ವಿಕರಲ್ಲಿ ತುಂಬ ಜನ ಸೆನೆಗಲ್, ಗ್ಯಾಂಬಿಯಾ, ಸಿಯೆರಾ ಲಿಯೋನ್ ಕಡೆಯಿಂದ ಬಂದವರು. ಭರತದ ನೀರಿನಲ್ಲಿ ಭತ್ತ ಬೆಳೆಯುವ ಕೆಲಸ ಅಲ್ಲಿನವರ ಕೈಯಲ್ಲಿತ್ತು. ಇಲ್ಲಿನ ಗದ್ದೆಗಳಿಗೆ ನೀರು ಬಿಡುವ, ತಡೆಯುವ ಮರದ ತೂಬಿಗೆ 'ಟ್ರಂಕ್' ಅನ್ನುತ್ತಾರೆ. ಮೊದಲು ಅದು ಒಳಗೆ ಕೊರೆದ ಮರದ ದಿಮ್ಮಿಯೇ ಆಗಿತ್ತು, ಹೆಸರು ಬಂದದ್ದು ಹಾಗೆ. ಮೊದಲ ಸಲ ಅದನ್ನು ನೋಡಿದಾಗ ನಾನು ರಸ್ತೆ ಬದಿಗೆ ಕಾರು ನಿಲ್ಲಿಸಿ ಬಹಳ ಹೊತ್ತು ನಿಂತಿದ್ದೆ. ಅಘನಾಶಿನಿಯ ಹಿನ್ನೀರಿನಲ್ಲಿ ನಮ್ಮ ಗಜನಿ ಗದ್ದೆಗಳಿಗೂ ಹಲಗೆ ಬಾಗಿಲು ಇದೆ. ಮಳೆಗಾಲದಲ್ಲಿ ಕಗ್ಗ ಭತ್ತ, ಆಮೇಲೆ ಅದೇ ನೀರಲ್ಲಿ ಶೆಟ್ಲಿ, ಮೀನು. ನೋಟ ಒಂದೇ ಥರ ಇತ್ತು. ಆದರೆ ನಮ್ಮ ಗಜನಿಯನ್ನು ಕಟ್ಟಿದವರು ತಮ್ಮ ಊರಿಗಾಗಿ ಕಟ್ಟಿದರು. ಇಲ್ಲಿ ಮೈಲಿಗಟ್ಟಲೆ ಏರಿ ಹಾಕಿದವರಿಗೆ ಆ ಮಣ್ಣಿನಲ್ಲಿ ಒಂದು ಹಿಡಿಯೂ ಸ್ವಂತದ್ದಲ್ಲ. ಆ ವ್ಯತ್ಯಾಸ ಮರೆತು ಹೋಲಿಸಿದರೆ ತಪ್ಪಾಗುತ್ತದೆ.

ಈ ಅಡುಗೆಯ ಹುಟ್ಟು ಆ ದುಡಿಮೆಯಲ್ಲೇ ಇದೆ. ಗುಲಾಮರಿಗೆ ವಾರದ ಪಡಿ ಅಂತ ಸಾಮಾನ್ಯವಾಗಿ ಒಬ್ಬರಿಗೆ ಒಂದು ಪೆಕ್ ಜೋಳ ಕೊಡುತ್ತಿದ್ದರು. ಒಂದು ಪೆಕ್ ಅಂದರೆ ಸುಮಾರು 9 ಲೀಟರ್ ಹಿಡಿಯುವ ಅಳತೆ. ದಿನದ ಕೆಲಸ ಮುಗಿಸಿ ಬಂದು ಒರಳು ಒನಕೆಯಲ್ಲಿ ಕುಟ್ಟಬೇಕು, ಇಲ್ಲವೇ ಕೈಬೀಸುವ ಕಲ್ಲಿನಲ್ಲಿ ಒಡೆಯಬೇಕು. ಕುಟ್ಟಿದ್ದನ್ನು ಹುಲ್ಲಿನಲ್ಲಿ ಹೆಣೆದ ಅಗಲದ ಬುಟ್ಟಿಯಲ್ಲಿ ಕೇರುತ್ತಿದ್ದರು, ನಮ್ಮ ಮೊರದಲ್ಲಿ ಕೇರುವ ಹಾಗೆ. ಈ ಕರಾವಳಿಯಲ್ಲಿ ಕೆಲಸ ಹಂಚುವ ರೀತಿ ಬೇರೆ ಇತ್ತು. ದಿನಕ್ಕೆ ಇಷ್ಟು ಜಾಗ ಅಂತ ಗುರುತು ಹಾಕಿ ಕೊಡುತ್ತಿದ್ದರು. ಸಾಮಾನ್ಯವಾಗಿ ಕಾಲು ಎಕರೆ, ನಮ್ಮ ಲೆಕ್ಕದಲ್ಲಿ ಹತ್ತು ಗುಂಟೆ. ಕೆಸರಲ್ಲಿ ನಿಂತು ಹತ್ತು ಗುಂಟೆ ಕಳೆ ಕೀಳುವುದು ಅಂದರೆ ಏನು ಅಂತ ಗದ್ದೆ ಕೆಲಸ ಗೊತ್ತಿದ್ದವರಿಗೆ ಹೇಳಬೇಕಿಲ್ಲ. ಅದನ್ನು ಮುಗಿಸಿದ ಮೇಲೆ ಬೆಳಕು ಉಳಿದಿದ್ದರೆ ಆ ಹೊತ್ತು ಅವರದ್ದು. ಆ ಹೊತ್ತಿನಲ್ಲಿ ತಾವೇ ಹೆಣೆದ ಬೀಸುಬಲೆ ಹಿಡಿದು ಕೋಡಿಗೆ, ಅಂದರೆ ಸಮುದ್ರದ ನೀರು ಏರಿ ಇಳಿಯುವ ಹಳ್ಳಕ್ಕೆ, ಇಳಿಯುತ್ತಿದ್ದರು. ಜೋಳ ಧಣಿಗಳು ಅಳೆದು ಕೊಟ್ಟದ್ದು, ಸೀಗಡಿ ತಾವೇ ಹಿಡಿದದ್ದು. ಎರಡೂ ಒಂದೇ ತಟ್ಟೆಗೆ ಬಂದದ್ದು ಹೀಗೆ.

ಇದು ದೊಡ್ಡ ಹೋಟೆಲುಗಳ ಊಟವಾದ ಕತೆಯನ್ನು ಸಾಮಾನ್ಯವಾಗಿ 1985ರಿಂದ ಶುರು ಮಾಡುತ್ತಾರೆ. ನಾರ್ತ್ ಕ್ಯಾರೊಲಿನಾದ ಚಾಪೆಲ್ ಹಿಲ್‌ನಲ್ಲಿ ಬಿಲ್ ನೀಲ್ ಅನ್ನುವ ಅಡುಗೆಯವರ ಹೋಟೆಲಿನ ಬಗ್ಗೆ ನ್ಯೂಯಾರ್ಕ್ ಟೈಮ್ಸ್ ಪತ್ರಿಕೆ ಬರೆಯಿತು. ಆಮೇಲೆ ದೇಶವೆಲ್ಲ ಇದನ್ನು ಮಾಡತೊಡಗಿತು. ಅದಕ್ಕೂ ಮೊದಲು, 1950ರಲ್ಲಿ, ಸೌತ್ ಕ್ಯಾರೊಲಿನಾದ ಚಾರ್ಲ್ಸ್‌ಟನ್ ನಗರದ ಮಹಿಳಾ ಸಂಘವೊಂದು ತಂದ ಅಡುಗೆ ಪುಸ್ತಕದಲ್ಲಿ ಇದು 'ಬೆಳಗಿನ ತಿಂಡಿಯ ಸೀಗಡಿ' ಆಗಿ ಬಂದಿತ್ತು. ಆಗ ಚಾರ್ಲ್ಸ್‌ಟನ್ನಿನಲ್ಲಿ ಬೇಯಿಸಿದ ಗ್ರಿಟ್ಸ್‌ಗೆ ಹಾಮಿನಿ ಅನ್ನುತ್ತಿದ್ದರು. ಬಿಲ್ ನೀಲ್ ಒಳ್ಳೆಯ ಅಡುಗೆಯವರೇ ಇರಬೇಕು. ಆದರೆ ಕತೆ ಅಲ್ಲಿಂದ ಶುರುವಾಗುವುದು ನನಗೆ ಸರಿ ಕಾಣುವುದಿಲ್ಲ. ಆ ಬೆಳಗಿನ ತಿಂಡಿಯನ್ನು ಶ್ರೀಮಂತರ ಮನೆಗಳಲ್ಲಿ ಬೇಯಿಸುತ್ತಿದ್ದ ಕೈಗಳು ಯಾರವು ಅಂತ ಕೇಳಬೇಕಲ್ವಾ?

ಸೇಂಟ್ ಹೆಲೆನಾದ ಅಡುಗೆಮನೆ

ಮಿಸ್ ನಿವೃತ್ತರಾಗಿ ಊರಿಗೆ ವಾಪಸಾದರು. ಮುಂದಿನ ಅಕ್ಟೋಬರಿನಲ್ಲಿ ಒಂದು ಶನಿವಾರ ಬರಲು ಹೇಳಿದರು. ಚಾರ್ಲ್ಸ್‌ಟನ್ನಿನಿಂದ ಒಂದೂವರೆ ಗಂಟೆಯ ದಾರಿ. ಹೆದ್ದಾರಿ 17ರಲ್ಲಿ ಕೊಂಬಾಹೀ ನದಿಯ ಸೇತುವೆ ದಾಟುವಾಗ ಎರಡೂ ಕಡೆ ಹಳೆಯ ಭತ್ತದ ಗದ್ದೆಗಳ ಏರಿ ಇನ್ನೂ ಕಾಣುತ್ತದೆ. ಆ ಸೇತುವೆಗೆ, ತಾನೂ ಗುಲಾಮಗಿರಿಯಿಂದ ತಪ್ಪಿಸಿಕೊಂಡು ಬಂದ ಹ್ಯಾರಿಯೆಟ್ ಟಬ್‌ಮನ್ ಅವರ ಹೆಸರಿಟ್ಟಿದ್ದಾರೆ. 1863ರ ಜೂನ್‌ನಲ್ಲಿ, ಅಂತರ್ಯುದ್ಧದ ನಡುವೆ, ಅವರು ಉತ್ತರದ ಸೈನ್ಯದ ದೋಣಿಗಳ ಜೊತೆ ಈ ನದಿಯಲ್ಲಿ ಬಂದು 700ಕ್ಕೂ ಹೆಚ್ಚು ಗುಲಾಮರನ್ನು ಒಂದೇ ರಾತ್ರಿ ಬಿಡಿಸಿಕೊಂಡು ಹೋದರು. ಆ ಜಾಗದಲ್ಲಿ ಈಗ ಬೆಳ್ಳಕ್ಕಿಗಳು ಕೂತಿರುತ್ತವೆ.

ಮಿಸ್ ಅವರದು ಓಕ್ ಮರಗಳ ಕೆಳಗಿನ ಸಣ್ಣ ಮನೆ. ಜಗಲಿಯ ಮೇಲ್ಛಾವಣಿಗೆ ತಿಳಿನೀಲಿ ಬಣ್ಣ, ದೆವ್ವ ಒಳಗೆ ಬರಬಾರದು ಅಂತ ಹಿಂದಿನಿಂದ ಹಾಗೆ ಬಳಿಯುತ್ತಾರೆ. ಹಿಂದೆ ಕೋಡಿ. ನೀರು ಇಳಿದಾಗ ಕಪ್ಪು ಕೆಸರು ಬಾಯಿ ತೆರೆದುಕೊಂಡು ಮಲಗಿರುತ್ತದೆ, ಅದರ ವಾಸನೆ ಎಲ್ಲ ಕಡೆ. ಕೆಲವರು ಮೂಗು ಮುಚ್ಚುತ್ತಾರೆ. ನನಗೆ ಅದು ಅಜ್ಜಿ ಮನೆಯ ಹಿತ್ತಿಲ ವಾಸನೆ. ಅವರ ಸೋದರಳಿಯ ಇಳಿತದ ಹೊತ್ತಿಗೆ ಬಲೆ ಹಿಡಿದು ನಿಂತಿದ್ದ. ಇಳಿತವಾದಾಗ ಹುಲ್ಲಿನೊಳಗಿದ್ದ ಸೀಗಡಿಯೆಲ್ಲ ಕೋಡಿಯ ನಡುವೆ ಸೇರುತ್ತದೆ. ಬಲೆಯ ಸೀಸದ ಅಂಚನ್ನು ಹಲ್ಲಲ್ಲಿ ಕಚ್ಚಿ, ಸೊಂಟ ತಿರುಗಿಸಿ ಬೀಸಿದರೆ ನೀರಿನ ಮೇಲೆ ಒಂದು ಪೂರ್ತಿ ಗುಂಡು ಬೀಳುತ್ತಿತ್ತು. ಮಿಸ್ ಅವರ ಅಪ್ಪ ಕೈಯಿಂದ ಹೆಣೆದ ಹಳೆಯ ಬಲೆ ಕೊಟ್ಟಿಗೆಯಲ್ಲಿ ನೇತಾಡುತ್ತಿತ್ತು. ಈಗಿನದು ಅಂಗಡಿಯ ನೈಲಾನ್ ಬಲೆ. ಹೆಣೆಯುವವರು ಕಡಿಮೆಯಾಗಿದ್ದಾರೆ.

ಮಿಸ್ ಸೀಗಡಿಗೆ 'ಸ್ವಿಂಪ್' ಅನ್ನುತ್ತಾರೆ. ಆಫೀಸಿನಲ್ಲಿ ಅವರು ಆ ಪದ ಬಳಸಿದ್ದನ್ನು ನಾನು ಕೇಳಿರಲಿಲ್ಲ. ಶಾಲೆಯಲ್ಲಿ ಅವರ ಮಾತನ್ನು ಮುರುಕು ಇಂಗ್ಲಿಷ್ ಅಂತ ತಿದ್ದುತ್ತಿದ್ದರಂತೆ. ಲೊರೆಂಜೊ ಡೌ ಟರ್ನರ್ ಅನ್ನುವ ಭಾಷಾ ವಿದ್ವಾಂಸರು ವರ್ಷಗಟ್ಟಲೆ ಈ ದ್ವೀಪಗಳಲ್ಲಿ ಓಡಾಡಿ, ಗಲ್ಲಾ ಮಾತಿನಲ್ಲಿ ಆಫ್ರಿಕಾದ ಎಷ್ಟೊಂದು ಭಾಷೆಗಳ ಪದಗಳಿವೆ ಅಂತ 1949ರಲ್ಲೇ ತೋರಿಸಿಕೊಟ್ಟಿದ್ದರು. ಎಳ್ಳಿಗೆ ಇಲ್ಲಿ 'ಬೆನ್ನೆ' ಅನ್ನುತ್ತಾರೆ, ಅದೂ ಆಫ್ರಿಕಾದಿಂದ ಬಂದದ್ದು. (ಮೊದಲ ಸಲ ಕೇಳಿದಾಗ ನಾನು ನಮ್ಮ ಬೆಣ್ಣೆ ಅಂತಲೇ ತಿಳಿದಿದ್ದೆ.) ಮಿಸ್ ಇದನ್ನು ಹೇಳುತ್ತಿದ್ದಾಗ ನನಗೆ ಬೆಂಗಳೂರಿನ ಹಾಸ್ಟೆಲ್ ನೆನಪಾಯಿತು. ಅಲ್ಲಿ ಒಂದು ಸಲ ಶೆಟ್ಲಿ ಅಂದಿದ್ದಕ್ಕೆ ಸುತ್ತಲಿದ್ದವರು ನಕ್ಕಿದ್ದರು. ಆಮೇಲೆ ವರ್ಷಗಟ್ಟಲೆ ನಾನು ಆ ಪದ ಬಾಯಿಗೆ ತಂದಿರಲಿಲ್ಲ. ಮಿಸ್‌ಗೆ ಆ ಪದ ಹೇಳಿಕೊಟ್ಟೆ. "ಶೆಟ್ಲಿ, ಶೆಟ್ಲಿ" ಅಂತ ಎರಡು ಸಲ ಹೇಳಿ ನೋಡಿದರು. ಈಗಲೂ ಫೋನಿನಲ್ಲಿ ಹಾಗೇ ಅನ್ನುತ್ತಾರೆ.

ಅಡುಗೆಗೆ ಬರೋಣ. ಗ್ರಿಟ್ಸ್ ಅನ್ನು ಅವರು ಹಿಂದಿನ ರಾತ್ರಿಯೇ ನೆನೆಹಾಕಿದ್ದರು. ಕಲ್ಲಿನಲ್ಲಿ ಬೀಸಿದ ದಪ್ಪ ನುಚ್ಚು. ಅದರಲ್ಲಿ ಜೋಳದ ಮೊಳಕೆಯ ಭಾಗ, ಎಣ್ಣೆ ಎಲ್ಲ ಇರುವುದರಿಂದ ಫ್ರಿಜ್‌ನಲ್ಲೇ ಇಡಬೇಕು, ಇಲ್ಲದಿದ್ದರೆ ಮುಗ್ಗಲು ವಾಸನೆ ಬರುತ್ತದೆ. ಐದು ನಿಮಿಷದ ಗ್ರಿಟ್ಸ್ ಈ ಅಡುಗೆಗೆ ಬೇಡವೇ ಬೇಡ. ಬೆಳಿಗ್ಗೆ ನೀರಿನ ಮೇಲೆ ಹೊಟ್ಟು ತೇಲುತ್ತಿತ್ತು. ಮಿಸ್ ಪಾತ್ರೆಯನ್ನು ಓರೆ ಮಾಡಿ, ಅಂಗೈಯ ಅಂಚಿನಿಂದ ನುಚ್ಚನ್ನು ತಡೆದು, ಹೊಟ್ಟನ್ನು ಮಾತ್ರ ಬಗ್ಗಿಸಿದರು. ನನ್ನ ಅಜ್ಜಿ ಹಿತ್ತಿಲ ಕಲ್ಲಿನ ಮೇಲೆ ಕೂತು ಇದನ್ನೇ ಮಾಡುತ್ತಿದ್ದಳು, ಅದೇ ಓರೆ, ಅದೇ ಅಂಗೈ. ನಾನು ಏನೂ ಹೇಳಲಿಲ್ಲ. ಹೇಳಲು ಹೋಗಿದ್ದರೆ ಅತ್ತುಬಿಡುತ್ತಿದ್ದೆ.

ಕೋಡಿಯ ಸೀಗಡಿ ಚಿಕ್ಕದು, ಬೆರಳಿನಷ್ಟು. ತಲೆ, ಸಿಪ್ಪೆ ಯಾವುದನ್ನೂ ಎಸೆಯುವುದಿಲ್ಲ. ಒಂದು ಈರುಳ್ಳಿ ಚೂರು, ಎರಡು ಕರಿಮೆಣಸು ಹಾಕಿ ತಲೆ ಸಿಪ್ಪೆಗಳನ್ನು ಅರ್ಧ ಗಂಟೆ ಕುದಿಸಿ ಸೋಸಿದರು. ನೀರು ಕಿತ್ತಳೆ ಬಣ್ಣಕ್ಕೆ ತಿರುಗಿತು. ಆ ನೀರಿನಲ್ಲೇ ಗ್ರಿಟ್ಸ್ ಬೇಯಬೇಕು. ನಾನು ಬಳಸಿದ್ದ ಆ ಮೂರು ಕಪ್ ಚೀಸ್ ಏನನ್ನು ಮುಚ್ಚಿಹಾಕಿತ್ತು ಅಂತ ಆಗ ಗೊತ್ತಾಯಿತು. ಗ್ರಿಟ್ಸ್‌ನಲ್ಲೇ ಸಮುದ್ರದ ರುಚಿ ಇರಬೇಕಿತ್ತು.

ಮಿಸ್ ಅಳೆಯುವುದಿಲ್ಲ. ಎಡಿಸ್ಟೊ ದ್ವೀಪದ ಎಮಿಲಿ ಮೆಗೆಟ್ ಅಂತ ಒಬ್ಬ ದೊಡ್ಡ ಗಲ್ಲಾ ಅಡುಗೆಯವರಿದ್ದರು. 1932ರಲ್ಲಿ ಹುಟ್ಟಿದವರು, 2023ರಲ್ಲಿ ತೀರಿಕೊಂಡರು. ಬದುಕೆಲ್ಲ ಅಳತೆಯಿಲ್ಲದೆ ಅಡುಗೆ ಮಾಡಿದ ಆಕೆಯ ವಿಧಾನಗಳು 2022ರಲ್ಲಿ ಪುಸ್ತಕವಾದವು. ಅವರ ಮನೆಯ ಪಕ್ಕದ ಬಾಗಿಲು ತೆರೆದಿದ್ದರೆ ಒಳಗೆ ಊಟ ಇದೆ, ಯಾರು ಬೇಕಾದರೂ ಬರಬಹುದು ಅಂತ ಊರಿಗೆಲ್ಲ ಗೊತ್ತಿತ್ತು. ನನಗೆ ಅಳತೆ ಬೇಕಿತ್ತು. ಹಾಗಾಗಿ ಮಿಸ್ ಪಾತ್ರೆಗೆ ಹಾಕುವ ಮೊದಲು ಅವರ ಕೈ ಕೆಳಗೆ ನನ್ನ ಕಪ್ ಹಿಡಿದೆ. ಅವರು ತಡೆಯಲಿಲ್ಲ, ಪ್ರತಿ ಸಲ ನಿಧಾನವಾಗಿ ಕಪ್ಪಿಗೇ ಸುರಿದರು. ಅಲ್ಲಿ ಬರೆದುಕೊಂಡದ್ದು ಇಷ್ಟು: 9 ಇಂಚು ಅಗಲ 13 ಇಂಚು ಉದ್ದದ ಟ್ರೇಗೆ ಎರಡು ಕಪ್ ಗ್ರಿಟ್ಸ್, ಆರು ಕಪ್ ಸೀಗಡಿ ನೀರು, ಎರಡು ಕಪ್ ಹಾಲು. ದಪ್ಪ ತಳದ ಪಾತ್ರೆ, ಸಣ್ಣ ಉರಿ, ಒಂದು ಗಂಟೆ. ಬಿಟ್ಟು ಹೋಗುವ ಹಾಗಿಲ್ಲ, ತಳ ಹಿಡಿಯುತ್ತದೆ. ಕುದಿಯುವಾಗ ಬುಳುಕ್ ಅಂತ ಹಾರಿ ಕೈ ಸುಡುತ್ತದೆ. ಒಂದು ಕಾಳು ಬಾಯಿಗೆ ಹಾಕಿಕೊಂಡರೆ ನಡುವೆ ಗಟ್ಟಿ ಸಿಗಬಾರದು.

ಇನ್ನೊಂದು ಒಲೆಯಲ್ಲಿ ಗ್ರೇವಿ. ಮೊದಲು ಹಂದಿಯ ಹೊಗೆಮಾಂಸದ ಕೊಬ್ಬಿನಲ್ಲಿ ಮಾಡುತ್ತಿದ್ದರಂತೆ. ಬಿಪಿ ಬಂದ ಮೇಲೆ ಮಿಸ್ ಹೊಗೆಯಲ್ಲಿಟ್ಟ ಟರ್ಕಿ ಮಾಂಸ ಬಳಸುತ್ತಾರೆ. ಹಂದಿ ತಿನ್ನದ ನನಗೂ ಅದು ಅನುಕೂಲವಾಯಿತು. ಟರ್ಕಿ ಚೂರುಗಳನ್ನು ಎಣ್ಣೆಯಲ್ಲಿ ಹುರಿದು ತೆಗೆದು, ಅದೇ ಎಣ್ಣೆಗೆ ಮೂರು ದೊಡ್ಡ ಚಮಚ ಮೈದಾ. ಕೈ ನಿಲ್ಲಿಸದೆ ತಿರುವುತ್ತ ಹುರಿದ ಶೇಂಗಾದ ಬಣ್ಣ ಬರುವ ತನಕ ಕಾಯಬೇಕು. ಆಮೇಲೆ ಸಣ್ಣಗೆ ಹೆಚ್ಚಿದ ಈರುಳ್ಳಿ, ದೊಣ್ಣೆಮೆಣಸಿನಕಾಯಿ, ಸೆಲರಿ, ಬೆಳ್ಳುಳ್ಳಿ. ಉಪ್ಪು, ಕರಿಮೆಣಸು, ಚೂರು ಖಾರದ ಪುಡಿ. ಉಳಿದ ಸೀಗಡಿ ನೀರು ಹಾಕಿದರೆ ಗ್ರೇವಿ ಸಿದ್ಧ. ಒಂದು ಕಿಲೋದಷ್ಟು ಸೀಗಡಿಯನ್ನು ಅದರಲ್ಲಿ ಒಂದೇ ನಿಮಿಷ ಬಿಟ್ಟು ಉರಿ ಆರಿಸಿದರು. ಅಂಚು ಗುಲಾಬಿ, ನಡು ಇನ್ನೂ ಹಸಿ. ಸೀಗಡಿ ಬೇಯಲು ಎರಡು ಮೂರು ನಿಮಿಷ ಸಾಕು. ಒಲೆಯೊಳಗೆ ಹೇಗೂ ಮತ್ತೆ ಬೇಯುತ್ತದೆ. ನನ್ನದು ರಬ್ಬರಾದದ್ದು ಒಲೆಯೊಳಗೆ ಮುಕ್ಕಾಲು ಗಂಟೆ ಬೇಯಿಸಿದ್ದಕ್ಕೆ.

ನನ್ನ ಕೈ ಹಸಿಮೆಣಸು, ತೆಂಗಿನಹಾಲಿನ ಕಡೆ ಹೋಗುತ್ತಿತ್ತು. ಹಾಕಿದರೆ ಹೇಗೆ ಅಂತ ಕೇಳಿದೆ. ಮಿಸ್ ಅಂದರು: "ಹಾಕು. ಚೆನ್ನಾಗಿಯೇ ಇರುತ್ತೆ. ನನಗೂ ಒಂದು ತಟ್ಟೆ ಕಳಿಸು. ಆದ್ರೆ ಅದಕ್ಕೆ ನಮ್ಮ ಹೆಸರು ಇಡಬೇಡ." ನಾನು ಬರೆದುಕೊಂಡದ್ದರಲ್ಲಿ ಅಳತೆಗಿಂತ ಮೇಲೆ ಈ ಮಾತು ಇದೆ.

ಮೂರು ಮೊಟ್ಟೆ ಹೊಡೆದು, ಮೊದಲು ಅದಕ್ಕೆ ಒಂದು ಸೌಟು ಬಿಸಿ ಗ್ರಿಟ್ಸ್ ಸೇರಿಸಿ ಕಲಸಿ, ಆಮೇಲೆ ಎಲ್ಲವನ್ನೂ ದೊಡ್ಡ ಪಾತ್ರೆಗೆ ಸುರಿದರು. ಒಮ್ಮೆಲೇ ಹಾಕಿದರೆ ಮೊಟ್ಟೆ ಒಡೆದು ಗಂಟಾಗುತ್ತದೆ. ಬೆಣ್ಣೆ ಸವರಿದ ಟ್ರೇಗೆ ಅರ್ಧ ಗ್ರಿಟ್ಸ್, ಮೇಲೆ ಸೀಗಡಿ ಗ್ರೇವಿ, ಮೇಲೆ ಉಳಿದ ಗ್ರಿಟ್ಸ್, ಒಂದೇ ಒಂದು ಹಿಡಿ ಚೀಸ್. 350 ಡಿಗ್ರಿ ಫ್ಯಾರನ್‌ಹೀಟ್, ಅಂದರೆ ಸುಮಾರು 175 ಸೆಲ್ಸಿಯಸ್. 35 ನಿಮಿಷ. ಹೊರಗೆ ತೆಗೆದ ಮೇಲೆ ಇಪ್ಪತ್ತು ನಿಮಿಷ ಮುಟ್ಟಬಾರದು.

ಆ ಇಪ್ಪತ್ತು ನಿಮಿಷದಲ್ಲಿ ಕೇಳಿದೆ: "ನಾವು ಮನೆಯಲ್ಲಿ ನಾಲ್ಕೇ ಜನ. ಅರ್ಧ ಅಳತೆ ಸಾಕಲ್ವಾ?" ಮಿಸ್ ನನ್ನ ಮುಖ ನೋಡಿದರು. "ಮನೆಯಲ್ಲಿ ತಿನ್ನೋಕೆ ಟ್ರೇ ಯಾಕೆ? ಗ್ರಿಟ್ಸ್ ಬೇಯಿಸು, ಗ್ರೇವಿ ಸುರಿ, ಬಿಸಿ ಬಿಸಿ ತಿನ್ನು. ನಮ್ಮಮ್ಮ ಮಾಡ್ತಾ ಇದ್ದದ್ದು ಅದೇ. ಟ್ರೇ ಮಾಡಿದ್ರೆ ಯಾರ ಮನೆಗೆ ಒಯ್ಯುತ್ತೀಯ?"

ಅವರ ಅಮ್ಮ ಇದನ್ನು ಟ್ರೇಯಲ್ಲಿ ಮಾಡಿದವರೇ ಅಲ್ಲವಂತೆ. ಚೀಸ್ ಮನೆಯೊಳಗೇ ಬರುತ್ತಿರಲಿಲ್ಲ. ಟ್ರೇ ಬಂದದ್ದು ಮಿಸ್ ಅವರ ಕಾಲದಲ್ಲಿ, ಚರ್ಚಿನ ಅಡುಗೆಮನೆಗೆ ದೊಡ್ಡ ಒಲೆ ಬಂದ ಮೇಲೆ. ದ್ವೀಪ ಬಿಟ್ಟು ನ್ಯೂಯಾರ್ಕ್, ಫಿಲಡೆಲ್ಫಿಯಾಗೆ ದುಡಿಯಲು ಹೋದ ಮಕ್ಕಳೆಲ್ಲ ಯಾರಾದರೂ ತೀರಿಕೊಂಡಾಗ ಒಟ್ಟಿಗೆ ಊರಿಗೆ ಬರುತ್ತಿದ್ದರು. ಮಣ್ಣು ಮಾಡಿ ಬಂದ ನೂರಾರು ಜನರಿಗೆ ಊಟ ಹಾಕಬೇಕು. ಗ್ರಿಟ್ಸ್ ತಟ್ಟೆಗೆ ಬಡಿಸಿ ಹತ್ತು ನಿಮಿಷಕ್ಕೆ ಗಟ್ಟಿಯಾಗಿಬಿಡುತ್ತದೆ, ನುಚ್ಚಿನ ಗುಣವೇ ಅದು. ಮೊಟ್ಟೆ ಹಾಕಿ ಟ್ರೇಯಲ್ಲಿ ಬೇಯಿಸಿದರೆ ಅದೇ ಗಟ್ಟಿಯಾಗುವ ಗುಣ ಕೆಲಸಕ್ಕೆ ಬರುತ್ತದೆ. ಕತ್ತರಿಸಿ ಬಡಿಸಬಹುದು. ಕಾರಿನಲ್ಲಿ ಒಂದು ಗಂಟೆ ಕುಲುಕಾಡಿದರೂ ಏನೂ ಆಗುವುದಿಲ್ಲ. ಹಾಗಾದರೆ ಇದು ಸಾಂಪ್ರದಾಯಿಕ ಹೌದೋ ಅಲ್ಲವೋ? ನಾನು ಕೇಳಿದೆ. ಮಿಸ್‌ಗೆ ಆ ಪ್ರಶ್ನೆಯಲ್ಲಿ ಆಸಕ್ತಿ ಇರಲಿಲ್ಲ. ಪಕ್ಕದಲ್ಲಿದ್ದ ಇನ್ನೊಂದು ಖಾಲಿ ಟ್ರೇಯನ್ನು ಕವುಚಿ ತಳ ತೋರಿಸಿದರು. ಅಂಟುಪಟ್ಟಿಯ ಮೇಲೆ ಅವರ ಹೆಸರು ಬರೆದಿತ್ತು. ಆ ಪಟ್ಟಿಯ ಕೆಳಗೆ ಇನ್ನೊಂದು ಹಳೆಯ ಪಟ್ಟಿ, ಅದರಲ್ಲಿ ಅವರ ಅಕ್ಕನ ಹೆಸರು. ಚರ್ಚಿನಲ್ಲಿ ಐವತ್ತು ಟ್ರೇ ಸೇರುತ್ತವೆ. ಊಟ ಮುಗಿದ ಮೇಲೆ ಯಾರದು ಯಾರ ಮನೆಗೆ ಹೋಗಬೇಕು ಅಂತ ತಿಳಿಯಬೇಕಲ್ಲ.

ಅಜ್ಜನ ಹೆಸರಿನ ಪಹಣಿ

ಅವತ್ತು ಸಂಜೆ ಮಿಸ್ ನನ್ನನ್ನು ದ್ವೀಪ ಸುತ್ತಿಸಿದರು. ಬಿಡುಗಡೆಯಾದ ಗುಲಾಮರಿಗಾಗಿ 1862ರಲ್ಲಿ ಶುರುವಾದ ಪೆನ್ ಶಾಲೆಯ ಕಟ್ಟಡಗಳನ್ನು ತೋರಿಸಿದರು. ಆದರೆ ಅವರ ಬೆರಳು ಜಾಸ್ತಿ ಹೊತ್ತು ತೋರಿಸಿದ್ದು ಮನೆಗಳನ್ನು. ಈ ಮನೆಗೆ ನಾನು ಟ್ರೇ ಒಯ್ಯುತ್ತಿದ್ದೆ. ಆ ಮನೆಯಿಂದ ನಮಗೆ ಟೊಮೆಟೊ ಹಾಕಿ ಮಾಡಿದ ಕೆಂಪನ್ನ ಬರುತ್ತಿತ್ತು. ಇಲ್ಲೊಂದು ಮನೆ ಇತ್ತು, ಈಗಿಲ್ಲ.

ಯಾಕಿಲ್ಲ ಅಂತ ಕೇಳಿದಾಗ ಬಂದ ಉತ್ತರ ನಮ್ಮೂರಿನ ಯಾರಿಗಾದರೂ ತಕ್ಷಣ ಅರ್ಥವಾಗುವಂಥದ್ದು. ಅಂತರ್ಯುದ್ಧದ ಸಮಯದಲ್ಲಿ ಈ ದ್ವೀಪಗಳ ಧಣಿಗಳು ಓಡಿಹೋದರು. ಬಿಡುಗಡೆಯಾದ ಜನರಲ್ಲಿ ಹಲವರು ದುಡ್ಡು ಕೂಡಿಸಿ, ತಾವು ದುಡಿದ ಭೂಮಿಯನ್ನೇ ಕೊಂಡರು. ಮಿಸ್ ಅವರ ಮುತ್ತಜ್ಜ ಕೊಂಡದ್ದು ಹತ್ತು ಎಕರೆ. ಆಮೇಲೆ ಉಯಿಲು ಇಲ್ಲ, ಪಾಲು ಇಲ್ಲ. ಕಾಗದದಲ್ಲಿ ಇನ್ನೂ ಮುತ್ತಜ್ಜನ ಹೆಸರೇ. ನಮ್ಮಲ್ಲಿ ಅಜ್ಜ ಸತ್ತು ನಲವತ್ತು ವರ್ಷವಾದರೂ ಪೌತಿ ಖಾತೆ ಆಗದೆ ಪಹಣಿಯಲ್ಲಿ ಅವರ ಹೆಸರೇ ಉಳಿದಿರುತ್ತದಲ್ಲ, ಹಾಗೆ. ಎಲ್ಲಿಯವರೆಗೆ ಜನ ಅಲ್ಲೇ ಇದ್ದರೋ ಅಲ್ಲಿಯವರೆಗೆ ತೊಂದರೆ ಇರಲಿಲ್ಲ. ಈಗ ವಾರಸುದಾರರು ಹತ್ತಾರು ಊರುಗಳಲ್ಲಿದ್ದಾರೆ. ಅವರಲ್ಲಿ ಒಬ್ಬನ ಪಾಲನ್ನು ಹೊರಗಿನವರು ಕೊಂಡು ಕೋರ್ಟಿಗೆ ಹೋದರೆ ಇಡೀ ಜಮೀನನ್ನೇ ಹರಾಜಿಗೆ ಇಡಿಸಬಹುದಿತ್ತು. ಹಾಗೆ ಹೋದ ಭೂಮಿ ಎಷ್ಟೋ. 2016ರಲ್ಲಿ ಸೌತ್ ಕ್ಯಾರೊಲಿನಾ ಒಂದು ಕಾನೂನು ತಂದಿತು. ಇತರ ವಾರಸುದಾರರಿಗೆ ಆ ಪಾಲನ್ನು ಮೊದಲು ಕೊಳ್ಳುವ ಅವಕಾಶ ಅದರಲ್ಲಿದೆ. ಅದಕ್ಕೆ ಕ್ಲೆಮೆಂಟಾ ಪಿಂಕ್ನಿ ಅವರ ಹೆಸರಿದೆ. 2015ರ ಜೂನ್‌ನಲ್ಲಿ ಚಾರ್ಲ್ಸ್‌ಟನ್ನಿನ ಚರ್ಚಿನಲ್ಲಿ ಗುಂಡಿಗೆ ಬಲಿಯಾದ ಒಂಬತ್ತು ಜನರಲ್ಲಿ ಒಬ್ಬರು, ಆ ಚರ್ಚಿನ ಪಾದ್ರಿ, ಶಾಸನಸಭೆಯ ಸದಸ್ಯ.

ಪಕ್ಕದ ಹಿಲ್ಟನ್ ಹೆಡ್ ದ್ವೀಪಕ್ಕೆ 1956ರಲ್ಲಿ ಸೇತುವೆ ಬಂತು. ಸೇತುವೆಯ ಹಿಂದೆ ಗಾಲ್ಫ್ ಮೈದಾನ, ಗೇಟು, ಕಾವಲು. ಅಲ್ಲಿ ಕೆಲವು ಗಲ್ಲಾ ಸ್ಮಶಾನಗಳು ಈಗ ಗೇಟಿನ ಒಳಗೆ ಸೇರಿಹೋಗಿವೆ. ತಮ್ಮ ಅಜ್ಜಿಯ ಸಮಾಧಿಗೆ ಹೂವಿಡಲು ಕಾವಲಿನವರಿಗೆ ಹೇಳಿ ಒಳಗೆ ಹೋಗಬೇಕು. ಸೇಂಟ್ ಹೆಲೆನಾಗೆ ಆ ಗತಿ ಬಂದಿಲ್ಲ. 1999ರಿಂದ ಇಲ್ಲಿ ಗಾಲ್ಫ್ ಮೈದಾನಕ್ಕೂ ಗೇಟು ಹಾಕಿದ ಬಡಾವಣೆಗೂ ಜಿಲ್ಲೆಯ ನಿಯಮದಲ್ಲಿ ಅವಕಾಶವಿಲ್ಲ. 2023ರಲ್ಲಿ ಅದನ್ನು ಸಡಿಲಿಸಲು ಒತ್ತಡ ಬಂದಾಗ ದ್ವೀಪದವರು ಸಭೆಗಳಿಗೆ ಹೋಗಿ ಕೂತು ಉಳಿಸಿಕೊಂಡರು. ನನಗೆ ಈ ಅಡುಗೆಯ ಬಗ್ಗೆ ಬರೆಯುವಾಗ ಇದನ್ನು ಬಿಡಲು ಆಗುವುದಿಲ್ಲ. ಚೀಸ್ ಎಷ್ಟು ಹಾಕಬೇಕು ಅನ್ನುವುದರ ಮೇಲೆ ಈ ಟ್ರೇಯ ಭವಿಷ್ಯ ನಿಂತಿಲ್ಲ. ಒಯ್ಯಲು ಒಂದು ಮನೆ ಇರಬೇಕು, ಬಾಗಿಲು ತಟ್ಟಲು ಗೇಟು ಅಡ್ಡ ಇರಬಾರದು.

ಕಳೆದ ತಿಂಗಳು ಮಿಸ್ ಅವರ ಅಕ್ಕ ತೀರಿಕೊಂಡರು. ತೊಂಬತ್ತೊಂದು ವರ್ಷ. ಸುದ್ದಿ ಬಂದ ರಾತ್ರಿ ನಾನು ಗ್ರಿಟ್ಸ್ ನೆನೆಹಾಕಿದೆ. ಪೂರ್ತಿ ಅಳತೆ, ಎರಡು ಟ್ರೇ. ಹೊಟ್ಟು ಬಗ್ಗಿಸಿದೆ, ತಲೆ ಸಿಪ್ಪೆ ಕುದಿಸಿದೆ, ಮೈದಾ ಹುರಿದೆ. ಹಸಿಮೆಣಸು ಹಾಕಲಿಲ್ಲ. ಟ್ರೇಯ ತಳಕ್ಕೆ ಅಂಟುಪಟ್ಟಿ ಹಚ್ಚಿ ನನ್ನ ಹೆಸರು ಬರೆದೆ. ಬರೆಯುವಾಗ ಕೈ ಒಂದು ಕ್ಷಣ ನಿಂತಿತು. ಈ ದೇಶದಲ್ಲಿ ನನ್ನ ಹೆಸರು ಎಷ್ಟೋ ಕಾಗದಗಳ ಮೇಲಿದೆ, ಆದರೆ ಹೀಗೆ ಒಂದು ಪಾತ್ರೆಯ ಮೇಲೆ ಬರೆದದ್ದು ಅದೇ ಮೊದಲು. ಚರ್ಚಿನ ಹಿಂದಿನ ಹಾಲ್‌ನಲ್ಲಿ ಉದ್ದದ ಮೇಜುಗಳ ಮೇಲೆ ಸಾಲಾಗಿ ಟ್ರೇಗಳು. ನನ್ನ ಎರಡನ್ನು ಒಬ್ಬ ಹುಡುಗಿ ತೆಗೆದುಕೊಂಡು ಮಧ್ಯದಲ್ಲೆಲ್ಲೋ ಇಟ್ಟಳು. ಯಾರು ಮಾಡಿದ್ದು ಅಂತ ಯಾರೂ ಕೇಳಲಿಲ್ಲ. ಜನ ಬಂದು ಬಡಿಸಿಕೊಂಡರು. ನಾನು ಹೊರಡುವಾಗ ಒಂದು ಟ್ರೇ ಖಾಲಿಯಾಗಿತ್ತು, ಇನ್ನೊಂದರಲ್ಲಿ ಒಂದು ಮೂಲೆ ಉಳಿದಿತ್ತು. ಅದನ್ನು ಬಿಟ್ಟು ಬಂದೆ.

ನಿನ್ನೆ ಮಿಸ್ ಫೋನ್ ಮಾಡಿದರು. "ನಿನ್ನ ಎರಡೂ ಪಾತ್ರೆ ನನ್ನ ಹತ್ತಿರ ಇವೆ. ಖಾಲಿ ಕೊಡೋಕಾಗಲ್ಲ. ಶನಿವಾರ ಇಳಿತಕ್ಕೆ ಮೊದಲು ಬಾ, ಹುಡುಗ ಬಲೆ ಬೀಸ್ತಾನೆ." ಖಾಲಿ ಪಾತ್ರೆ ವಾಪಸ್ ಕೊಡಬಾರದು ಅಂತ ನಮ್ಮಮ್ಮನೂ ಹೇಳುತ್ತಿದ್ದಳು, ಏನೂ ಇಲ್ಲದಿದ್ದರೆ ಒಂದು ಹಿಡಿ ಸಕ್ಕರೆಯಾದರೂ ಹಾಕುತ್ತಿದ್ದಳು. ಭರತ-ಇಳಿತದ ಪಟ್ಟಿ ನೋಡಿದೆ. ಶನಿವಾರ ಇಳಿತ ಬೆಳಿಗ್ಗೆ ಒಂಬತ್ತೂಕಾಲಕ್ಕೆ. ಆರೂವರೆಗೆಲ್ಲ ಮನೆ ಬಿಡಬೇಕು.